ಕುತ್ತಿಗೆಗೆ ಎರಡು, ಸೊಂಟಕ್ಕೆ ಆರು

ಆ ಸೋಮವಾರದ ಪುಟದಲ್ಲಿ ನಾನು ಬರೆದಿಟ್ಟುಕೊಂಡಿರುವುದು ಇಷ್ಟೇ: ಬೆಳಿಗ್ಗೆ ನಳಕ್ಕೆ ನೀರು ಬರಲಿಲ್ಲ. ಅತ್ತೆಯವರ ಬಿ.ಪಿ. ಮಾತ್ರೆ ಮುಗಿದಿದೆ, ಕೋಠಿ ಬಸ್ ಸ್ಟಾಪಿನಲ್ಲಿ ಇಳಿದು ತರಬೇಕು. ಡಬ್ಬಿಗೆ ರೊಟ್ಟಿ, ಮೆಂತ್ಯದ ಪಲ್ಯ, ಶೇಂಗಾ ಹಿಂಡಿ. ಆಫೀಸಿನಲ್ಲಿ ಮೂವತ್ತೊಂದು ಫೈಲು. ವಿಶೇಷವೇನಿಲ್ಲ.

ದಿನವೂ ಹೀಗೆ ನಾಲ್ಕು ಸಾಲು ಬರೆಯುವುದು ನನಗೆ ಮದುವೆಗೆ ಮುಂಚಿನಿಂದ ಬಂದ ಅಭ್ಯಾಸ. ಸುಲ್ತಾನ್ ಬಜಾರಿನಲ್ಲಿ ವರ್ಷಕ್ಕೊಂದು ಗಟ್ಟಿ ರಟ್ಟಿನ ನೋಟ್‌ಬುಕ್ ಕೊಂಡು ತಂದಿಡುತ್ತೇನೆ. ಆ ಮೂವತ್ತೊಂದು ಫೈಲುಗಳಲ್ಲಿ ಒಂದಕ್ಕೆ ನಾನು ಹಾಕಿದ ಕೊನೆಯ ಅಂಕಿ ತಪ್ಪಾಗಿತ್ತು ಎಂಬುದು ಆ ಪುಟದಲ್ಲಿಲ್ಲ. ಅದು ನನಗೆ ಗೊತ್ತಾಗಿದ್ದು ಬುಧವಾರ ಮಧ್ಯಾಹ್ನ, ಅದೂ ರೋಗಿಯ ಬಾಯಿಂದ.

ನಾನು ಹೈದರಾಬಾದಿನ ಒಂದು ದೊಡ್ಡ ಆಸ್ಪತ್ರೆಯ ದಾಖಲೆ ವಿಭಾಗದಲ್ಲಿ ಕೋಡಿಂಗ್ ಮಾಡುತ್ತೇನೆ. ಕೋಡಿಂಗ್ ಅಂದಕೂಡಲೇ ನಮ್ಮ ಬಂಧುಗಳು ಕೊಂಡಾಪುರದ ಗಾಜಿನ ಕಟ್ಟಡಗಳನ್ನು ನೆನೆಸಿಕೊಂಡು, ಈ ವಯಸ್ಸಿನಲ್ಲಿ ಇವಳಿಗೆ ಅದೆಲ್ಲ ಎಲ್ಲಿ ಬಂತು ಎಂಬಂತೆ ನೋಡುತ್ತಾರೆ. ನಮ್ಮದು ಆ ಕೋಡಿಂಗ್ ಅಲ್ಲ. ಡಾಕ್ಟರು ಕಾಯಿಲೆಯನ್ನು ಮಾತಿನಲ್ಲಿ ಬರೆಯುತ್ತಾರೆ. ನಾವು ಅದನ್ನು ಓದಿ, ದೇಶದೇಶಗಳ ಆಸ್ಪತ್ರೆಗಳು ಬಳಸುವ ಒಂದು ದಪ್ಪ ಪುಸ್ತಕದಲ್ಲಿ ಹುಡುಕಿ, ಅದಕ್ಕೆ ತಕ್ಕ ಅಕ್ಷರವನ್ನೂ ಅಂಕಿಯನ್ನೂ ಹಾಕುತ್ತೇವೆ. ವಿಮೆಯವರ ಕಂಪ್ಯೂಟರಿಗೆ ಡಾಕ್ಟರ ಮಾತು ಬೇಕಾಗಿಲ್ಲ, ಅಂಕಿ ಬೇಕು. ಅಂಕಿ ಹೋದ ಮೇಲೆ ಒಪ್ಪಿಗೆ ಬರುತ್ತದೆ. ಒಪ್ಪಿಗೆ ಬಂದ ಮೇಲೆ ಆಪರೇಷನ್.

ಬೆನ್ನೆಲುಬಿನ ಒಳಗೆ ಕುತ್ತಿಗೆಯಿಂದ ಸೊಂಟದವರೆಗೆ ಒಂದು ಕೊಳವೆಯಂಥ ಹಾದಿ ಇದೆ. ನರಗಳೆಲ್ಲ ಅದರಲ್ಲೇ ಇಳಿಯಬೇಕು. ವಯಸ್ಸಾದಂತೆ, ಭಾರ ಹೊತ್ತಂತೆ, ಕೆಲವರಲ್ಲಿ ಆ ಹಾದಿ ಇಕ್ಕಟ್ಟಾಗಿ ಒಳಗಿನ ನರಗಳನ್ನು ಅದುಮುತ್ತದೆ. ಈ ಕಾಯಿಲೆಗೆ ನಮ್ಮ ಪುಸ್ತಕದಲ್ಲಿ ಎಂ 48.0 ಎಂದಿದೆ. ಅದರ ಮುಂದೆ ಇನ್ನೊಂದು ಅಂಕಿ ಸೇರಿಸಬೇಕು, ಅದು ಜಾಗ ಹೇಳುತ್ತದೆ. ಕುತ್ತಿಗೆಯಲ್ಲಾದರೆ ಎರಡು, ಎದೆಯ ಹಿಂದಾದರೆ ನಾಲ್ಕು, ಸೊಂಟದಲ್ಲಾದರೆ ಆರು. ಡಾಕ್ಟರು ಜಾಗ ಬರೆದೇ ಇಲ್ಲವಾದರೆ ಒಂಬತ್ತು.

ಆ ಒಂಬತ್ತನ್ನು ನಮ್ಮ ವಿಭಾಗದಲ್ಲಿ ಯಾರೂ ಹಾಕುತ್ತಿರಲಿಲ್ಲ. ಹಾಕಿದರೆ ಅರ್ಜಿ ವಾಪಸು ಬರುತ್ತಿತ್ತು, ‘ಜಾಗ ತಿಳಿಸಿ’ ಎಂದು. ಮತ್ತೆ ಡಾಕ್ಟರನ್ನು ಹುಡುಕಬೇಕು, ಅವರು ಆಪರೇಷನ್ ಥಿಯೇಟರಿನಲ್ಲಿರುತ್ತಾರೆ, ಒಂದು ದಿನ ಹೋಗುತ್ತದೆ, ರೋಗಿಯ ಕಡೆಯವರು ಕೌಂಟರಿನಲ್ಲಿ ಜಗಳ ತೆಗೆಯುತ್ತಾರೆ. ಆದ್ದರಿಂದ ಕಾಲು ನೋವು, ನಡೆಯಲು ಕಷ್ಟ ಎಂದಿದ್ದರೆ ಆರು ಹಾಕಿ ಮುಂದೆ ಸಾಗುವುದು. ನಮಗೆ ಬರುವ ಇಂಥ ಫೈಲುಗಳಲ್ಲಿ ಹೆಚ್ಚಿನವು ಸೊಂಟದವೇ ಆಗಿರುತ್ತಿದ್ದುದರಿಂದ ಅದು ನಡೆದುಕೊಂಡು ಬಂದಿತ್ತು. ನನಗೆ ಇದನ್ನು ಯಾರೂ ಕಲಿಸಿದ್ದಲ್ಲ. ಎಲ್ಲರೂ ಮಾಡುತ್ತಿದ್ದರು, ನಾನೂ ಮಾಡಿದೆ.

ಸೋಮವಾರ ಆ ಫೈಲು ಬಂದಾಗ ಅದರಲ್ಲಿ ಇದ್ದದ್ದು ದಾಖಲಾತಿಯ ಹಾಳೆ ಒಂದೇ. ಗಾರೆ ಕೆಲಸ, ವಯಸ್ಸು ನಲವತ್ತಾರು. ಕಾಲು ಬಿಗಿತ, ನಡೆಯುವಾಗ ತಡವರಿಕೆ. ಬೆನ್ನೆಲುಬಿನ ಹಾದಿ ಇಕ್ಕಟ್ಟು, ಆಪರೇಷನ್ ಆಗಬೇಕು. ಕಿರಿಯ ಡಾಕ್ಟರ ಅವಸರದ ಅಕ್ಷರ. ಜಾಗ ಇಲ್ಲ. ನನ್ನ ಬೆರಳು ಒಂಬತ್ತರ ಮೇಲೆ ಒಂದು ಗಳಿಗೆ ನಿಂತಿದ್ದು ನೆನಪಿದೆ. ಪಕ್ಕದ ಮೇಜಿನ ಸಹೋದ್ಯೋಗಿ, ಕರೀಂನಗರದ ಕಡೆಯ ಹೆಣ್ಣುಮಗಳು, ಪರದೆಯನ್ನು ಓರೆಗಣ್ಣಿನಿಂದ ನೋಡಿ ‘ತೊಮ್ಮಿದಿ ವದ್ದು ಆಂಟೀ’ ಅಂದಳು. ಒಂಬತ್ತು ಬೇಡ ಅಂತ. ಒಂಬತ್ತು ಹಾಕಿದರೆ ಸಂಜೆ ನೀವೇ ಕೌಂಟರಿನಲ್ಲಿ ನಿಂತು ಬೈಗುಳ ತಿನ್ನಬೇಕು ಎಂದು ನಕ್ಕಳು. ನಾನೂ ನಕ್ಕು ಆರು ಒತ್ತಿದೆ.

ಮಂಗಳವಾರ ಸಂಜೆ ಒಪ್ಪಿಗೆ ಬಂತು. ಪಟ್ಟಿಯಲ್ಲಿ ಟಿಕ್ ಹಾಕಿದೆ.

ಬುಧವಾರ ಊಟದ ಹೊತ್ತಿಗೆ ನಾಲ್ಕನೇ ಮಹಡಿಯ ವಾರ್ಡಿನಿಂದ ನರ್ಸ್ ಫೋನ್ ಮಾಡಿದರು. ಒಬ್ಬ ರೋಗಿಗೆ ಕನ್ನಡ ಬಿಟ್ಟು ಬೇರೇನೂ ಸರಿಯಾಗಿ ಬಾರದು, ನಾಳೆ ಬೆಳಿಗ್ಗೆ ಆಪರೇಷನ್, ಸಮ್ಮತಿ ಪತ್ರ ಓದಿ ಹೇಳಿ ಸಹಿ ಮಾಡಿಸಿಕೊಡಿ ಅಂದರು. ಇದು ನನಗೆ ಆಗಾಗ ಬರುವ ಕೆಲಸ. ರಾಯಚೂರು, ಯಾದಗಿರಿ ಕಡೆಯಿಂದ ಕಟ್ಟಡದ ಕೆಲಸಕ್ಕೆ ಬಂದವರು ಬಿದ್ದೋ ಬೇನೆ ಬಂದೋ ಸೇರಿದಾಗ ಆಸ್ಪತ್ರೆಯಲ್ಲಿ ‘ಕನ್ನಡ ಮೇಡಂ’ ಅಂದರೆ ನಾನೇ. ಡಬ್ಬಿ ತೆರೆಯದೆ ಮೇಲೆ ಹೋದೆ.

ಆತ ಲಿಂಗಸುಗೂರಿನ ಕಡೆಯವನು. ಕೊಂಡಾಪುರದಲ್ಲಿ ಏಳುತ್ತಿದ್ದ ಅಪಾರ್ಟ್‌ಮೆಂಟಿನಲ್ಲಿ ಗೋಡೆಗೆ ಗಿಲಾವು ಮಾಡುತ್ತಿದ್ದ. ಗಂಡ ಹೆಂಡತಿ ಇಬ್ಬರೂ ಅಲ್ಲೇ ತಗಡಿನ ಶೆಡ್ಡಿನಲ್ಲಿದ್ದರು. ಕನ್ನಡ ಕೇಳಿದ ಕೂಡಲೇ ಆತ ಏಳಲು ಹೋದ, ಹೆಂಡತಿ ಭುಜ ಹಿಡಿದು ಕೂರಿಸಿದಳು.

“ಮೂರು ದಿನ ಆತ್ರಿ ಅಕ್ಕಾರ, ಈಕಿ ಒಬ್ಬಾಕಿ ಕೂಡ ಮಾತಾಡಾಕತ್ತೀನಿ. ಬ್ಯಾರೆ ಮಂದಿ ಜೋಡಿ ಮಾತಾಡಿದ್ರ ಅರ್ಧ ಬ್ಯಾನಿ ಹೋಗತೈತ್ರಿ.”

“ಉಳಿದ ಅರ್ಧ ನನ್ನಿಂದ ಬಂದೈತಂತ್ರಿ,” ಅಂದಳು ಆಕೆ.

ನಾನು ನಗುತ್ತಲೇ ಕಾಗದ ಬಿಡಿಸಿದೆ. ಸಮ್ಮತಿ ಪತ್ರದ ಖಾಲಿ ಜಾಗಗಳನ್ನು ನಮ್ಮಲ್ಲಿ ಕೈಯಿಂದ ತುಂಬುವುದಿಲ್ಲ. ವಿಮೆಯವರ ಒಪ್ಪಿಗೆಯಲ್ಲಿ ಏನಿದೆಯೋ ಅದೇ ಅಲ್ಲಿ ಅಚ್ಚಾಗಿ ಬರುತ್ತದೆ. ಆತನಿಗೆ ಸಹಿ ಬರುತ್ತದಂತೆ, ಆದರೆ ಪೆನ್ನು ಹಿಡಿಯಲಿಕ್ಕೆ ಆಗುತ್ತಿಲ್ಲ ಎಂದು ನರ್ಸ್ ಮಸಿ ಪ್ಯಾಡು ಇಟ್ಟು ಹೋಗಿದ್ದರು. ಹೆಬ್ಬೆರಳು ಆಗಲೇ ನೇರಳೆಯಾಗಿತ್ತು. ನಾನು ಓದಿದೆ. ನಾಳೆ ಮುಂಜಾನೆ ಸೊಂಟದ ಹತ್ತಿರ ಬೆನ್ನೆಲುಬಿನ ಹಾದಿ ಇಕ್ಕಟ್ಟಾಗಿದೆಯಲ್ಲ, ಅದನ್ನು ತೆರೆದು ಅಗಲ ಮಾಡುತ್ತಾರೆ ಎಂದು ನಮ್ಮ ಮಾತಿನಲ್ಲಿ ಹೇಳಿದೆ.

“ಸೊಂಟದಾಗ ಏನ್ರಿ?” ಅಂದ ಆತ. “ಡಾಕ್ಟರ್ ಸಾಹೇಬ್ರು ಇಲ್ಲಿ ಮುಟ್ಟಿ ತೋರಿಸಿದ್ರಲ್ಲರಿ.” ಕತ್ತಿನ ಹಿಂಭಾಗಕ್ಕೆ ಅಂಗೈ ಇಟ್ಟುಕೊಂಡ.

ಹೆಂಡತಿ ಮಧ್ಯೆ ಬಂದಳು. “ಅವರು ತೆಲುಗಿನ್ಯಾಗ ಅಂದಿದ್ದು ನಿನಗೇನ್ ತಿಳೀತು? ಕಾಗದದಾಗ ಬರದಾರ ಅಂದ್ರ ಅದ ಖರೆ ಇರ್ತೈತಿ.”

ಆತ “ಇದ್ರೂ ಇರಬೌದು,” ಅಂದು ಹೆಬ್ಬೆರಳನ್ನು ಕಾಗದದ ಕಡೆ ತಂದ.

ನಾನು ಕಾಗದ ಎಳೆದುಕೊಂಡೆ. ಎಳೆದುಕೊಂಡ ರಭಸಕ್ಕೆ ಮಸಿ ಅಂಚಿಗೆ ತಾಗಿತು. ಸ್ವಲ್ಪ ತಡೀರಿ, ಒತ್ತಬ್ಯಾಡ್ರಿ ಅಂದೆ. ಕೈಗೇನಾದರೂ ತೊಂದರೆ ಇದೆಯೇ ಎಂದು ಕೇಳಿದೆ.

“ಕೈಯ ಅಲ್ಲೇನ್ರಿ ಮೊದಲ ಹೋಗಿದ್ದು. ಕರಣಿ ಹಿಡಿದ್ರ ನಿಲ್ಲಂಗಿಲ್ಲ. ಗೋಡಿಗೆ ಸಿಮಿಟ್ ಒಗದ್ರ ಕರಣೀನೂ ಅದರ ಬೆನ್ನ ಹತ್ತಿ ಹೋಕ್ಕೈತಿ. ಕೆಳಗ ನಿಂತ ಮಂದಿ ನನ್ನ ನೋಡಿ ಹೆಲ್ಮೆಟ್ ಹಾಕ್ಕೊಳಾಕ ಕಲತ್ರು.”

ತಾನೇ ನಕ್ಕು, ಬಲಗೈ ಚಾಚಿ ತೋರಿಸಿದ. ನಾಲ್ಕು ಬೆರಳು ಜೋಡಿಸಿದರೂ ಕಿರುಬೆರಳು ಮಾತ್ರ ಬೇರೆಯಾಗಿ ಹೊರಗೆ ನಿಂತಿತ್ತು. ಒಳಗೆ ತಂದರೂ ಮೆಲ್ಲಗೆ ಜಾರಿ ಮತ್ತೆ ಅಲ್ಲಿಗೇ ಹೋಗುತ್ತಿತ್ತು.

ಇಷ್ಟು ವರ್ಷ ಫೈಲು ಓದಿದ ಮೇಲೆ ಒಂದು ಮಾತು ನನಗೂ ಗೊತ್ತು. ಸೊಂಟದಲ್ಲಿ ನರ ಅದುಮಿದರೆ ಕಾಲಿಗೆ ಬರುತ್ತದೆ, ಕೈಗೆ ಬರುವುದಿಲ್ಲ. ಕುತ್ತಿಗೆಯಲ್ಲಿ ಅದುಮಿದರೆ ಕೈಗೂ ಬರುತ್ತದೆ, ಕಾಲಿಗೂ ಬರುತ್ತದೆ.

ಆ ಕಾಗದ ಹಿಡಿದುಕೊಂಡೇ, ಲಿಫ್ಟಿಗೆ ಕಾಯದೆ ಮೆಟ್ಟಿಲಿಳಿದೆ. ಫೈಲಿನಲ್ಲಿ ಈಗ ಎಂಆರ್‌ಐ ವರದಿ ಇತ್ತು. ಸೋಮವಾರ ಸಂಜೆಯೇ ಬಂದಿತ್ತು, ನಾನು ಆರು ಒತ್ತಿದ ಮೂರು ಗಂಟೆಯ ನಂತರ. ಮಂಗಳವಾರ ಇಡೀ ದಿನ ಅದು ಅಲ್ಲೇ ಇತ್ತು, ಒಮ್ಮೆ ತೆರೆದಿದ್ದರೆ ಸಾಕಿತ್ತು. ಕುತ್ತಿಗೆಯ ನಾಲ್ಕು–ಐದು, ಐದು–ಆರನೇ ಮೂಳೆಗಳ ನಡುವೆ ಹಾದಿ ತೀರ ಇಕ್ಕಟ್ಟು. ನರಗಳ ಹುರಿ ಅದುಮಿಕೊಂಡಿದೆ. ಹುರಿಯ ಒಳಗೇ ಪೆಟ್ಟಿನ ಗುರುತು ಕಾಣುತ್ತಿದೆ. ಎಲ್ಲಕ್ಕಿಂತ ಕೆಳಗೆ ಒಂದು ಸಾಲು: ಸೊಂಟದ ಭಾಗದಲ್ಲಿಯೂ ಅಲ್ಪ ಇಕ್ಕಟ್ಟು.

ನಮ್ಮ ವಿಭಾಗದ ಮುಖ್ಯಸ್ಥರು ಹಳೇ ಪಟ್ಟಣದವರು, ಒಳ್ಳೆಯ ಮನುಷ್ಯರು. ಯಾರ ಮೇಲೂ ಧ್ವನಿ ಎತ್ತಿದವರಲ್ಲ. ಪೂರ್ತಿ ಕೇಳಿಸಿಕೊಂಡು, ಚಹಾದ ಕಪ್ಪು ನನ್ನ ಕಡೆ ಸರಿಸಿ, “ಟೆನ್ಷನ್ ನಕ್ಕೋ ಲೇವ್ ಮೇಡಂ,” ಅಂದರು, ಚಿಂತೆ ಮಾಡಬೇಡಿ ಅಂತ. ಕತ್ತಿ ಹಿಡಿಯುವವರು ಸರ್ಜನ್, ಅವರಿಗೆ ಎಲ್ಲಿ ತೆರೆಯಬೇಕೆಂದು ಗೊತ್ತು. ನಿಮ್ಮ ಆರನ್ನು ನೋಡಿ ಅವರು ಸೊಂಟ ಕೊಯ್ಯುವುದಿಲ್ಲ. ನಾಳೆ ಕುತ್ತಿಗೆಯ ಆಪರೇಷನ್ ಆಗಿಬಿಡಲಿ, ಡಿಸ್ಚಾರ್ಜ್ ಹಾಳೆಯಲ್ಲಿ ಎರಡನ್ನೂ ಸೇರಿಸೋಣ. ಸೊಂಟದಲ್ಲಿಯೂ ಅಲ್ಪ ಇದೆಯಲ್ಲ, ನಿಮ್ಮ ಆರು ಪೂರ್ತಿ ಸುಳ್ಳೂ ಅಲ್ಲ. ಈಗ ಒಪ್ಪಿಗೆ ರದ್ದು ಮಾಡಿದರೆ ನಾಳೆಯ ಆಪರೇಷನ್ ನಿಂತುಹೋಗುತ್ತದೆ, ಮತ್ತೆ ಎಂದು ಸಿಗುತ್ತದೋ ಯಾರಿಗೆ ಗೊತ್ತು. ಅವರು ಹೇಳಿದ ಒಂದೊಂದು ಮಾತೂ ಸರಿಯಾಗಿತ್ತು. ಅದೇ ನನ್ನನ್ನು ಹೆಚ್ಚು ಹೆದರಿಸಿತು.

ಕುರ್ಚಿಗೆ ಬಂದು ಕುಳಿತಾಗ ಎರಡು ಗಂಟೆ ದಾಟಿತ್ತು. ಒಂದು ಕಡೆ, ನಾನು ಬಾಯಿ ಮುಚ್ಚಿಕೊಂಡರೆ ನಾಳೆ ಬೆಳಿಗ್ಗೆ ಆತನ ಕುತ್ತಿಗೆ ಬಿಡುಗಡೆಯಾಗುತ್ತದೆ. ಹುರಿಯ ಒಳಗೆ ಪೆಟ್ಟು ಬಿದ್ದಿರುವಾಗ ಒಂದೊಂದು ದಿನವೂ ಲೆಕ್ಕಕ್ಕೆ ಬರುತ್ತದೆ, ಅಷ್ಟು ಓದಿ ಬಲ್ಲೆ. ನಾನು ತಿದ್ದಲು ಹೊರಟರೆ ಆತನ ಕೈಯಿಂದಲೇ ಒಂದು ದಿನವನ್ನೋ ಎರಡು ದಿನವನ್ನೋ ಕಸಿದುಕೊಂಡಂತೆ. ಇನ್ನೊಂದು ಕಡೆ, ಒಪ್ಪಿಗೆ ಸೊಂಟಕ್ಕೆ, ಆಪರೇಷನ್ ಕುತ್ತಿಗೆಗೆ ಎಂದಾದರೆ ವಿಮೆಯವರು ಆಮೇಲೆ ಕೈ ಎತ್ತಬಹುದು, ಆಗ ಹೊಲಿಗೆ ಹಾಕಿದ ಕುತ್ತಿಗೆಯೊಂದಿಗೆ ಆ ಗಂಡ ಹೆಂಡತಿ ಬಿಲ್ಲಿಂಗ್ ಕೌಂಟರಿನ ಮುಂದೆ ನಿಲ್ಲಬೇಕಾಗುತ್ತದೆ. ಮುಂದೆಂದಾದರೂ ಯಾವ ಊರಿನ ಡಾಕ್ಟರೋ ಆ ಫೈಲು ತೆರೆದರೆ ಮೊದಲು ಸೊಂಟವನ್ನೇ ನೋಡುತ್ತಾನೆ. ಹೀಗೆ ಎರಡೂ ಕಡೆ ತೂಗುತ್ತ ಕುಳಿತರೆ ತಕ್ಕಡಿ ನಿಲ್ಲುತ್ತಿರಲಿಲ್ಲ.

ಕೊನೆಗೆ ನನ್ನನ್ನು ಎಬ್ಬಿಸಿದ್ದು ಮೇಜಿನ ಮೇಲಿದ್ದ ಆ ಸಮ್ಮತಿ ಪತ್ರ. ಅಂಚಿನಲ್ಲಿ ಹೆಬ್ಬೆರಳಿನ ಅರ್ಧ ಗುರುತು, ನೇರಳೆ ಮಸಿ ಇನ್ನೂ ಆರಿರಲಿಲ್ಲ. ಮುಖ್ಯಸ್ಥರ ದಾರಿ ಹಿಡಿದರೆ ಆ ಕಾಗದವನ್ನು ತೆಗೆದುಕೊಂಡು ಮತ್ತೆ ಮೇಲೆ ಹೋಗಬೇಕಾದವಳು ನಾನೇ. ಹೌದ್ರಿ, ಸೊಂಟ ಅಂತಲೇ ಐತಿ, ಒತ್ರಿ ಎಂದು ಕನ್ನಡದಲ್ಲಿ ಹೇಳಬೇಕಾದವಳೂ ನಾನೇ. ಆತ ಒತ್ತುತ್ತಿದ್ದ. ಕಾಗದದಲ್ಲಿ ಇದೆಯೆಂದರೆ ತನ್ನ ಕುತ್ತಿಗೆಯನ್ನೇ ನಂಬದೆ ಒತ್ತುತ್ತಿದ್ದ.

ಮುಖ್ಯಸ್ಥರ ಬಳಿ ಹೋಗಿ, ನಾನು ರದ್ದು ಮಾಡುತ್ತಿದ್ದೇನೆ ಸರ್ ಅಂದೆ. ಅವರು ತಡೆಯಲಿಲ್ಲ. ನಿಮ್ಮ ಲಾಗಿನ್ನಿನಿಂದ ಮಾಡುತ್ತೀರಿ, ನಿಮ್ಮ ಹೆಸರಿಗೇ ಬರುತ್ತದೆ, ನೋಡಿಕೊಳ್ಳಿ ಅಂದರು.

ಒಮ್ಮೆ ಒಪ್ಪಿಗೆ ಬಂದ ಮೇಲೆ ತಿದ್ದುವ ಗುಂಡಿ ಇಲ್ಲ. ರದ್ದು ಮಾಡಿ ಹೊಸದಾಗಿ ಕಳಿಸಬೇಕು. ರದ್ದಿಗೆ ಕಾರಣ ಕೇಳುವ ಪಟ್ಟಿಯಲ್ಲಿ ರೋಗಿ ಒಪ್ಪಲಿಲ್ಲ, ದಿನ ಬದಲಾಯಿತು, ಬೇರೆ ಆಸ್ಪತ್ರೆಗೆ ಹೋದರು ಎಂದೆಲ್ಲ ಇತ್ತು. ನಾವು ತಪ್ಪಿದೆವು ಎಂಬುದು ಇರಲಿಲ್ಲ. ‘ಇತರೆ’ ಆರಿಸಿ, ದಾಖಲಾತಿ ಹಾಳೆಯಲ್ಲಿ ಜಾಗ ನಮೂದಾಗಿರಲಿಲ್ಲ, ಎಂಆರ್‌ಐ ವರದಿಗೆ ಕಾಯದೆ ನಾನು ಸೊಂಟ ಎಂದು ಹಾಕಿದೆ, ತಪ್ಪು ನನ್ನದು ಎಂದು ಬರೆದೆ. ಪರದೆ ಮತ್ತೊಮ್ಮೆ ಖಚಿತವೇ ಎಂದು ಕೇಳಿತು. ಒತ್ತಿದೆ. ಹಸಿರಿದ್ದದ್ದು ಬೂದು ಬಣ್ಣಕ್ಕೆ ತಿರುಗಿತು. ಹೊಸ ಅರ್ಜಿಯಲ್ಲಿ ಎಂ 48.02. ಜೊತೆಗೆ ಹುರಿಗೆ ಪೆಟ್ಟಾಗಿದೆ ಎಂದು ಹೇಳುವ ಎರಡನೇ ಕೋಡು, ಜಿ 99.2. ಅದನ್ನು ಹಾಕಲು ಡಾಕ್ಟರು ಬರೆದುಕೊಡಲೇಬೇಕು. ವರದಿ ಓದಿ ನಾನೇ ಊಹಿಸುವಂತಿಲ್ಲ. ಊಹಿಸಿದ್ದು ಒಮ್ಮೆಗೆ ಸಾಕಾಗಿತ್ತು.

ಕಿರಿಯ ಡಾಕ್ಟರು ಸಂಕೋಚದ ಹುಡುಗ. ವಿಷಯ ಕೇಳಿ, ಸೋಮವಾರದ ಹಾಳೆಯಲ್ಲೇ ಆ ಸಾಲಿನ ಮುಂದೆ ಖಾಲಿ ಜಾಗ ಇದೆ, ಕುತ್ತಿಗೆ ಎಂದು ಸೇರಿಸಿಬಿಡಲೇ ಎಂದು ಪೆನ್ನು ತೆಗೆದರು. ಬೇಡ ಡಾಕ್ಟರೇ ಅಂದೆ. ಆ ಹಾಳೆಯ ಪ್ರತಿ ವಿಮೆಯವರ ಹತ್ತಿರ ಆಗಲೇ ಇದೆ, ಎರಡನ್ನೂ ಪಕ್ಕ ಪಕ್ಕ ಇಟ್ಟು ನೋಡಿದರೆ ನಾವಿಬ್ಬರೂ ಕಳ್ಳರಾಗುತ್ತೇವೆ. ಇವತ್ತಿನ ತಾರೀಖು, ಈಗಿನ ಹೊತ್ತು ಹಾಕಿ ಹೊಸ ಹಾಳೆಯಲ್ಲಿ ಸ್ಪಷ್ಟನೆ ಬರೆಯಿರಿ, ಅದಕ್ಕೆ ಸರ್ಜನ್ ಸಹಿ ತರೋಣ ಅಂದೆ. ಅವರು ಬರೆದುಕೊಟ್ಟರು. ಸರ್ಜನ್ ಥಿಯೇಟರಿನಲ್ಲಿದ್ದರು.

ಥಿಯೇಟರಿನ ಹೊರಗಿನ ಬೆಂಚಿನ ಮೇಲೆ ನಾಲ್ಕರಿಂದ ಐದೂಮುಕ್ಕಾಲರವರೆಗೆ ಕುಳಿತೆ. ಎರಡು ಸಲ ಎದ್ದು ಹೋಗಿಬಿಡೋಣ ಅನ್ನಿಸಿತು. ಸರ್ಜನ್ ಹೊರಗೆ ಬಂದಾಗ ಅವರ ಹಣೆಯ ಮೇಲೆ ಟೋಪಿಯ ಗೆರೆ ಕೆಂಪಗೆ ಮೂಡಿತ್ತು. ನಿಂತಲ್ಲೇ ಓದಿದರು. ಸೊಂಟ ಎಂದು ಹಾಕಿದ್ದು ಯಾರು ಎಂದು ತೆಲುಗಿನಲ್ಲಿ ಕೇಳಿದರು. ನಾನು ಸರ್ ಅಂದೆ. ಬೈಯಲಿಲ್ಲ. ಥಿಯೇಟರಿನ ನರ್ಸ್ ಕಡೆ ತಿರುಗಿ, ನಾಳೆಗೆ ತಲೆ ಹಿಡಿಯುವ ಕ್ಲ್ಯಾಂಪ್ ತರಿಸಿದ್ದೀರಾ ಎಂದರು. ಕುತ್ತಿಗೆ ಕೊಯ್ಯುವಾಗ ತಲೆ ಕೂದಲೆಳೆಯಷ್ಟೂ ಅಲುಗದಂತೆ ಹಿಡಿಯುವ ಸಾಧನ ಅದು. ನಮ್ಮಲ್ಲಿ ಒಂದೇ ಇದೆ, ಅದನ್ನು ಬೇರೆ ಬ್ಲಾಕಿನಿಂದ ಹಿಂದಿನ ದಿನವೇ ಹೇಳಿ ತರಿಸಬೇಕು. ನರ್ಸ್ ನಾಳೆಯ ಪಟ್ಟಿ ತೋರಿಸಿದರು. ಪಟ್ಟಿಯೂ ಒಪ್ಪಿಗೆಯಿಂದಲೇ ಅಚ್ಚಾಗುವುದು. ಅದರಲ್ಲಿ ಸೊಂಟ ಎಂದಿತ್ತು. ಕ್ಲ್ಯಾಂಪ್ ಹೇಳಿರಲಿಲ್ಲ, ನಾಳೆಗೆ ಅದು ಬೇರೆಯವರಿಗೆ ಹೋಗಿಯಾಗಿತ್ತು.

ಅಂದರೆ ನಾನು ಸುಮ್ಮನಿದ್ದಿದ್ದರೂ ಗುರುವಾರ ಆ ಆಪರೇಷನ್ ಮೇಜಿನ ತನಕ ಹೋಗಿ ನಿಲ್ಲುತ್ತಿತ್ತು. ಇದನ್ನು ಆಮೇಲೆ ಕೆಲವರು ನನಗೆ ಸಮಾಧಾನ ಎಂಬಂತೆ ಹೇಳಿದರು. ನನಗೆ ಸಮಾಧಾನವಾಗಲಿಲ್ಲ. ಕ್ಲ್ಯಾಂಪ್ ಬಾರದೆ ಹೋದದ್ದೂ ನನ್ನ ಆರರಿಂದಲೇ.

ಸರ್ಜನ್ ಸಹಿ ಹಾಕಿದರು. ಇವರಿಗೆ ಕಾಯುವಷ್ಟು ಸಮಯವಿಲ್ಲ, ಶುಕ್ರವಾರ ನನ್ನ ಕೊನೆಯ ಕೇಸಿನ ನಂತರ ಹಿಡಿಯುತ್ತೇನೆ, ಮಧ್ಯಾಹ್ನದೊಳಗೆ ಒಪ್ಪಿಗೆ ಇರಬೇಕು, ಇಲ್ಲವಾದರೆ ಮುಂದಿನ ಮಂಗಳವಾರವೇ ಅಂದರು. ಶುಕ್ರವಾರಕ್ಕೆ ಕ್ಲ್ಯಾಂಪ್ ಬರೆಸಿಯೇ ಕೆಳಗಿಳಿದು ಹೊಸ ಅರ್ಜಿ ಕಳಿಸಿದೆ.

ಮನೆಗೆ ಹೋಗುವ ಮುನ್ನ ನಾಲ್ಕನೇ ಮಹಡಿಗೆ ಹೋದೆ. ರೋಗಿಗೆ ನಾನೇ ಹೇಳುತ್ತೇನೆ ಎಂದು ವಾರ್ಡಿನ ನರ್ಸ್ ಅಂದಿದ್ದರು. ಯಾವ ಭಾಷೆಯಲ್ಲಿ ಹೇಳುತ್ತಾರೆ?

“ನಾಳೆ ಆಪರೇಷನ್ ಆಗಂಗಿಲ್ರಿ,” ಅಂದೆ. “ತಪ್ಪು ಡಾಕ್ಟರದಲ್ಲ. ನಿಮ್ಮ ಕುತ್ತಿಗೀನ ಖರೆ. ಕಾಗದದಾಗ ಸೊಂಟ ಅಂತ ಹಾಕಿದಾಕಿ ನಾನು.”

ಹೆಂಡತಿ ಕೈಯಲ್ಲಿದ್ದ ಟವೆಲು ಮಡಚುತ್ತ ನಿಂತಿದ್ದಳು.

“ನೀವ ಹಾಕಿದ್ರಿ. ಮತ್ತ ನೀವ ಬಂದು ಓದಿ ಹೇಳಿದ್ರಿ?” ಅಂದ ಆತ.

“ಹೌದ್ರಿ.”

“ಮತ್ತ ಒತ್ತು ಅಂದಾಕಿ ನಾನು,” ಅಂದಳು ಆಕೆ. ಯಾರಿಗೆ ಹೇಳಿದಳೋ ತಿಳಿಯಲಿಲ್ಲ. ಆಮೇಲೆ ಆಕೆ ನನ್ನೊಂದಿಗೆ ಮಾತಾಡಲಿಲ್ಲ.

ಗುರುವಾರದ ಪುಟದಲ್ಲಿ ಅಡುಗೆಯ ವಿಷಯವೇ ಇಲ್ಲ. ಹತ್ತೂನಲವತ್ತಕ್ಕೆ ವಿಮೆಯವರ ಕಡೆಯ ವೈದ್ಯಾಧಿಕಾರಿ ಫೋನ್ ಮಾಡಿದರು. ಹೆಂಗಸು, ಹಿಂದಿಯಲ್ಲಿ ಚುರುಕಾಗಿ ಮಾತಾಡುತ್ತಿದ್ದರು. ಮೊನ್ನೆ ಸೊಂಟ, ಇವತ್ತು ಕುತ್ತಿಗೆ, ನಿಮ್ಮ ಆಸ್ಪತ್ರೆಯಲ್ಲಿ ರೋಗ ಮೆಟ್ಟಿಲು ಹತ್ತುತ್ತದೆಯೇ ಎಂದು ಕೇಳಿದರು. ನಾನು ನಡೆದದ್ದನ್ನು ನಡೆದ ಹಾಗೆ ಹೇಳಿದೆ. ವರದಿ ನೋಡಿದ್ದೇನೆ, ಆದರೆ ನಿಮ್ಮ ದಾಖಲಾತಿ ಹಾಳೆಯಲ್ಲಿ ಕೈಯ ಮಾತೇ ಇಲ್ಲ, ಹುರಿಗೆ ಪೆಟ್ಟು ಎಂದು ಬುಧವಾರ ಬರೆದುಕೊಟ್ಟಿದ್ದೀರಿ, ಸೇರಿದ ದಿನವೇ ಕೈಗೆ ಬಂದಿತ್ತು ಎಂಬುದಕ್ಕೆ ಏನಿದೆ, ತೋರಿಸಿ ಅಂದರು. ಅವರ ಅನುಮಾನ ಅವರ ಕೆಲಸ. ಅವರ ಜಾಗದಲ್ಲಿದ್ದರೆ ನಾನೂ ಅದನ್ನೇ ಕೇಳುತ್ತಿದ್ದೆ.

ಫೈಲನ್ನು ಮೊದಲ ಹಾಳೆಯಿಂದ ತಿರುವಿದೆ. ಔಷಧಿ ಚೀಟಿ, ರಕ್ತದ ವರದಿ, ಜ್ವರದ ಪಟ್ಟಿ. ಡಾಕ್ಟರುಗಳ ಹಾಳೆಯಲ್ಲಿ ಎಲ್ಲೂ ಇಲ್ಲ. ಮಧ್ಯಾಹ್ನ ಒಂದರ ಸುಮಾರಿಗೆ ಸಹೋದ್ಯೋಗಿ ತನ್ನ ಕೆಲಸ ಬಿಟ್ಟು ಕುರ್ಚಿ ಎಳೆದುಕೊಂಡು ಪಕ್ಕದಲ್ಲಿ ಕುಳಿತಳು. ಸೋಮವಾರದ ಮಾತು ಅವಳಿಗೂ ಚುಚ್ಚುತ್ತಿತ್ತು. ಇಬ್ಬರೂ ಅರ್ಧರ್ಧ ಓದಿದೆವು. ಕೊನೆಗೆ ಸಿಕ್ಕಿದ್ದು ನರ್ಸಿಂಗ್ ಹಾಳೆಯಲ್ಲಿ, ಯಾರೂ ಓದದ ಜಾಗದಲ್ಲಿ. ಸೋಮವಾರ ಆತ ವಾರ್ಡಿಗೆ ಬಂದಾಗ ಆಸ್ಪತ್ರೆಯ ಅಂಗಿ ಹಾಕಿಸಿದ ನರ್ಸ್ ಬರೆದಿದ್ದರು: ತನ್ನ ಅಂಗಿಯ ಗುಂಡಿ ತಾನು ಬಿಚ್ಚಲಾರ. ಹೆಂಡತಿ ಬಿಚ್ಚುತ್ತಾಳೆ. ಲೋಟ ಎರಡು ಕೈಯಲ್ಲಿ ಹಿಡಿಯುತ್ತಾನೆ. ಕೆಳಗೆ ಹೊತ್ತು, ಸಹಿ.

ಅದನ್ನು ಸ್ಕ್ಯಾನ್ ಮಾಡಿ ಕಳಿಸಿದೆ. ಎರಡು ಗಂಟೆಗೆ ‘ತಲುಪಿದೆ’ ಎಂದಿತು. ಮೂರಕ್ಕೂ ಅಷ್ಟೇ, ಐದಕ್ಕೂ ಅಷ್ಟೇ. ಆರಕ್ಕೆ ಅವರ ಕಚೇರಿ ಮುಚ್ಚಿತು. ಬಸ್ಸಿನಲ್ಲಿ ನನ್ನ ನಿಲ್ದಾಣ ದಾಟಿ ಮುಂದಿನದರಲ್ಲಿ ಇಳಿದೆ. ಕುಕ್ಕರಿಗೆ ಬೇಳೆ ಹಾಕಿ ನೀರು ಹಾಕಲು ಮರೆತೆ. ಅತ್ತೆಯವರು ಸೀದ ವಾಸನೆಗೆ ಎದ್ದು ಬಂದು ಒಲೆ ಆರಿಸಿ, ಯಾರಿಗೇನಾಗೈತಿ ಎಂದು ಕೇಳಿದರು. ಗಿಲಾವು ಮಾಡುವವರೊಬ್ಬರಿಗೆ ಅಂದೆ. ಅವರು ಇನ್ನೇನೂ ಕೇಳದೆ ಮೊಸರನ್ನ ಕಲಸಿಕೊಟ್ಟರು.

ಶುಕ್ರವಾರ ಹನ್ನೊಂದೂಇಪ್ಪತ್ತಕ್ಕೆ ಪರದೆಯ ಮೇಲೆ ಆ ಸಾಲು ಹಸಿರಾಯಿತು. ಎಂ 48.02. ನಾನು ಅದನ್ನು ನಂಬದೆ ಒಪ್ಪಿಗೆ ಪತ್ರ ತೆಗೆದು ಓದಿದೆ, ಕುತ್ತಿಗೆ ಎಂಬ ಮಾತಿನ ಕೆಳಗೆ ಬೆರಳಿಟ್ಟು ಓದಿದೆ. ಆಮೇಲೆ ಹೊಸ ಸಮ್ಮತಿ ಪತ್ರ ಅಚ್ಚು ಹಾಕಿಸಿ ಮೇಲೆ ಹೋದೆ. ಈ ಸಲ ಆತ ಬೆರಳು ಮುಂದೆ ತರಲಿಲ್ಲ. ಪೂರ್ತಿ ಓದಲು ಹೇಳಿದ. ಕುತ್ತಿಗೆ ಎಂಬಲ್ಲಿಗೆ ಬಂದಾಗ “ಇನ್ನೊಮ್ಮೆ ಓದ್ರಿ” ಅಂದ. ಓದಿದೆ. ಹೆಂಡತಿಯ ಕಡೆ ನೋಡಿದ. ಆಕೆ ತಲೆಯಾಡಿಸಿದ ಮೇಲೆ ಒತ್ತಿದ.

ಆಪರೇಷನ್ ನಾಲ್ಕಕ್ಕೆ ಆರಂಭವಾಗಿ ಏಳರ ಒಳಗೆ ಮುಗಿಯಿತು. ಸರ್ಜನ್ ಹೇಳಿದ್ದು ಇಷ್ಟು: ಹಾದಿ ತೆರವಾಗಿದೆ, ಕೈಕಾಲಿನ ಶಕ್ತಿ ಇನ್ನು ಮುಂದೆ ಹೋಗುವುದು ನಿಲ್ಲುತ್ತದೆ. ಹೋದದ್ದರಲ್ಲಿ ಎಷ್ಟು ಬರುತ್ತದೆ ಎಂದು ಈಗ ಹೇಳಲಾಗದು. ಗುರುವಾರವೇ ಆಗಿದ್ದರೆ ಎಂದು ನಾನು ಬಾಯಿ ತೆರೆದೆ. ಅವರು ಕನ್ನಡಕ ಒರೆಸುತ್ತ, ಆ ಪ್ರಶ್ನೆಗೆ ಉತ್ತರ ಇರುವುದಿಲ್ಲ ಅಮ್ಮ ಅಂದರು.

ನನ್ನ ತಪ್ಪೊಪ್ಪಿಗೆಯ ಹಾಳೆ ನನ್ನ ಸೇವಾ ಕಡತದಲ್ಲಿದೆ. ಮುಖ್ಯಸ್ಥರು ಅದನ್ನು ಸೇರಿಸುವಾಗ ಬೇಸರಪಟ್ಟುಕೊಂಡರು. ನಮ್ಮ ವಿಭಾಗದಲ್ಲಿ ಈಗ ಜಾಗ ಬರೆದಿಲ್ಲವಾದರೆ ಒಂಬತ್ತು ಹಾಕುತ್ತೇವೆ. ಅದು ವಾಪಸು ಬರುತ್ತದೆ. ಸಂಜೆ ಕೌಂಟರಿನಲ್ಲಿ ನಿಂತು ಸರದಿಯ ಮೇಲೆ ಬೈಸಿಕೊಳ್ಳುತ್ತೇವೆ.

ಒಂದೂವರೆ ತಿಂಗಳ ಮೇಲೆ ತಪಾಸಣೆಗೆ ಬಂದ ಗಂಡ ಹೆಂಡತಿ ಕೆಳಗಿನ ಕ್ಯಾಂಟೀನಿನಲ್ಲಿ ಕಂಡರು. ಆತನೇ ಕರೆದ. ಕೋಲಿಲ್ಲದೆ ನಡೆಯುತ್ತಿದ್ದ, ಕುತ್ತಿಗೆಗೆ ಪಟ್ಟಿ ಇತ್ತು. ಕೆಲಸದ ಮಾತು ಕೇಳಿದೆ. ಗಿಲಾವು ಇನ್ನ ಆಗಂಗಿಲ್ಲಂತ್ರಿ, ಸೈಟಿನ್ಯಾಗ ಕಾವಲಿಗೆ ಇಟ್ಟುಕೊಂಡಾರ ಅಂದ. ಹೆಂಡತಿ ಮೂರನೆಯ ಚಹಾ ತರಿಸಿ ನನ್ನ ಮುಂದೆ ಇಟ್ಟಳು.

ಆತ ಅಂಗಿಯ ಮೇಲಿನ ಎರಡು ಗುಂಡಿ ಬಿಚ್ಚಿ, ನೋಡ್ರಿ ಎಂದು ಮತ್ತೆ ಹಾಕಿಕೊಂಡು ತೋರಿಸಿದ. ಎರಡನೆಯದು ಬಹಳ ಹೊತ್ತು ಹಿಡಿಯಿತು. ನಾವಿಬ್ಬರೂ ಕಾದೆವು, ಹೆಂಡತಿ ಕೈ ಚಾಚಲಿಲ್ಲ. ಆಮೇಲೆ ಒಂದೇ ಕೈಯಲ್ಲಿ ಚಹಾದ ಗ್ಲಾಸು ಎತ್ತಿದ. ನಾನು ಆತನ ಮುಖ ನೋಡಬೇಕೆಂದುಕೊಂಡರೂ ಕಣ್ಣು ಬೆರಳುಗಳ ಮೇಲೆಯೇ ಹೋಯಿತು. ಮೂರು ಬೆರಳು ಗ್ಲಾಸನ್ನು ಸುತ್ತಿ ಹಿಡಿದಿದ್ದವು. ಕಿರುಬೆರಳು ಹೊರಗೆ, ಬೇರೆಯಾಗಿ ನಿಂತಿತ್ತು. ಆ ಬುಧವಾರ ನಾನು ನೋಡಿದಾಗ ಇದ್ದಷ್ಟೇ ದೂರವೋ, ಇನ್ನೊಂದು ಸ್ವಲ್ಪ ದೂರವೋ, ನನಗೆ ಗೊತ್ತಾಗಲಿಲ್ಲ.